ಹಾಸನದ ಹಳೆಯ ವಿಡಿಯೊ ಕ್ಯಾಸೆಟ್‌ಗಳಲ್ಲಿ ಜನಪದ ಕಲಾವಿದರು: ಸಾಕ್ಷ್ಯಚಿತ್ರ ಮೊದಲೋ, ಸಂಗ್ರಹ ಮೊದಲೋ?

ಸಾಲಗಾಮೆ ರಸ್ತೆ:

ನಮ್ಮ ಬಡಾವಣೆಯ ಹಿರಿಯ ವಿಡಿಯೊ ಛಾಯಾಗ್ರಾಹಕರೊಬ್ಬರು ಸ್ಟುಡಿಯೊ ಮುಚ್ಚಿ ಮಗಳಿರುವ ಊರಿಗೆ ಹೊರಟಿದ್ದಾರೆ. ಅಟ್ಟದ ಮೇಲಿದ್ದ ಕ್ಯಾಸೆಟ್‌ಗಳನ್ನು ಗುಜರಿಗೆ ಹಾಕಲು ಚೀಲಕ್ಕೆ ತುಂಬುತ್ತಿದ್ದರು, ಕೇಳಿ ಪಡೆದುಕೊಂಡೆ. ಬಹುಪಾಲು ವಿಎಚ್‌ಎಸ್ ಎಂಬ ದೊಡ್ಡ ಕ್ಯಾಸೆಟ್, ಸ್ವಲ್ಪ ಮಿನಿ ಡಿವಿ ಎಂಬ ಚಿಕ್ಕ ಡಿಜಿಟಲ್ ಕ್ಯಾಸೆಟ್. ಮದುವೆ, ಗೃಹಪ್ರವೇಶಗಳದ್ದೇ ರಾಶಿ. ಆದರೆ ನಡುನಡುವೆ ಇಂಥ ಚೀಟಿಗಳು ಸಿಗುತ್ತಿವೆ: ‘ಹಾಸನಾಂಬೆ, ಕೆಂಡ’, ‘ರಾಜ್ಯೋತ್ಸವ ಮೆರವಣಿಗೆ, ಪೂರ್ತಿ’, ‘ಗಣಪತಿ ಬಿಡುವುದು’, ‘ಸೋಮನ ಕುಣಿತ, ರಾತ್ರಿ’, ‘ಚಿಟ್‌ಮೇಳ, ಅರಸೀಕೆರೆ ಕಡೆಯವರು’, ‘ಸೋಬಾನೆ ಅಜ್ಜಿಯರು’. ಕೊನೆಯದರ ಮೇಲೆ ಮದುವೆ ಮನೆಯ ಹೆಸರೂ ಇಲ್ಲ, ಅಜ್ಜಿಯರ ಹೆಸರೂ ಇಲ್ಲ.

ಈ ಮನುಷ್ಯ ಭಾರದ ಕ್ಯಾಮೆರಾವನ್ನು ಭುಜದ ಮೇಲೆ ಹೊತ್ತು, ಹಾಸನದ ಮೆರವಣಿಗೆಗಳ ಮುಂದೆ ವರ್ಷಗಟ್ಟಲೆ ಹಿಮ್ಮುಖವಾಗಿ ನಡೆದವರು. ಊರಿಗೆ ಬಂದ ತಂಡಗಳೆಲ್ಲ ಅವರ ಕಣ್ಣ ಮುಂದೆ ಹಾದುಹೋಗಿವೆ. ಕಲಾಕ್ಷೇತ್ರದ ಕಾರ್ಯಕ್ರಮಗಳ ನೆನಪು ಎಲ್ಲರಿಗೂ ಇದೆ. ಬೀದಿಯಲ್ಲಿ ನಡೆದದ್ದರ ನೆನಪು ಯಾರಿಗೂ ಇಲ್ಲ.

ನನ್ನ ಯೋಚನೆ ಇಷ್ಟು: ಇವುಗಳಲ್ಲಿ ಒಳ್ಳೆಯ ತುಣುಕುಗಳನ್ನು ಆರಿಸಿ, ಈಗ ಬದುಕಿರುವ ಕಲಾವಿದರ ಮಾತುಗಳನ್ನು ಸೇರಿಸಿ, ಹಾಸನದ ಜನಪದ ಸಂಗೀತದ ಮೇಲೆ ಒಂದು ಗಂಟೆಯ ಸಾಕ್ಷ್ಯಚಿತ್ರ ಮಾಡಬೇಕು. ನಾನು ಕಾಲೇಜಿನಲ್ಲಿ ಸಂಕಲನ ಕಲಿತವನು, ಅಷ್ಟು ಕೆಲಸ ಗೊತ್ತು. ಕ್ಯಾಸೆಟ್ ಯುಗ ಮಾತ್ರ ಗೊತ್ತಿಲ್ಲ. ಸೋದರಮಾವನ ಮನೆಯಲ್ಲಿ ಕ್ಯಾಸೆಟ್ ಆಡಿಸುವ ಒಂದು ವಿಸಿಆರ್ ಇದೆ. ನಾಳೆಯೇ ಹಾಕಿ ನೋಡಲೇ?

ಟೇಪು ರಿಪೇರಿ, ಚಿಕ್ಕಮಗಳೂರು:

ದಯವಿಟ್ಟು ಹಾಕಬೇಡಿ. ಮೊದಲು ಪ್ರತಿ ಕ್ಯಾಸೆಟ್ಟನ್ನೂ ಬಿಸಿಲಿಗೆ ಹಿಡಿದು ಕಿಟಕಿಯೊಳಗಿನ ಸುರುಳಿಯ ಅಂಚನ್ನು ನೋಡಿ. ಕಪ್ಪಗೆ ನುಣುಪಾಗಿ ಹೊಳೆದರೆ ಸರಿ. ಬಿಳಿಯ ಪುಡಿ, ಬೂದು ಮಚ್ಚೆ, ಜೇಡನ ನೂಲಿನಂಥದ್ದು ಕಂಡರೆ ಅದು ಬೂಷ್ಟು. ಬೂಷ್ಟು ಹಿಡಿದದ್ದನ್ನು ವಿಸಿಆರ್‌ಗೆ ಹಾಕಿದರೆ ಯಂತ್ರದಲ್ಲಿ ಟೇಪು ಓದುವ ಹೆಡ್ ಮೇಲೆ ಅದು ಕೂರುತ್ತದೆ, ನಂತರ ಹಾಕಿದ ಒಳ್ಳೆಯ ಕ್ಯಾಸೆಟ್ಟಿಗೂ ಅಂಟುತ್ತದೆ, ಟೇಪು ಹರಿಯಲೂಬಹುದು. ನಮ್ಮ ಕಡೆಯ ಮಳೆಗಾಲದಲ್ಲಿ ಅಟ್ಟದ ಮೇಲಿಟ್ಟ ಟೇಪಿಗೆ ಬೂಷ್ಟು ಬಾರದಿದ್ದರೆ ಅದೇ ಆಶ್ಚರ್ಯ. ಹಾಸನ ನಮಗಿಂತ ಒಣ ಊರು, ಅದು ನಿಮ್ಮ ಅದೃಷ್ಟ.

ಬೂಷ್ಟಿನವನ್ನು ಬೇರೆ ಡಬ್ಬಿಗೆ ಹಾಕಿ, ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಕೆಲವು ವಾರ ಒಣಗಲು ಬಿಡಿ. ಒಣಗಿದ ಮೇಲೆ ಮನೆಯ ಹೊರಗೆ, ಮೂಗಿಗೆ ಬಟ್ಟೆ ಕಟ್ಟಿಕೊಂಡು ಶುಚಿ ಮಾಡುವ ಕೆಲಸ. ಅದನ್ನು ನನಗೆ ಬಿಡಿ. ಒಳ್ಳೆಯ ಸ್ಥಿತಿಯವುಗಳ ಹಿಂಬದಿಯಲ್ಲಿರುವ ಚಿಕ್ಕ ಪ್ಲಾಸ್ಟಿಕ್ ಹಲ್ಲನ್ನು ಇವತ್ತೇ ಮುರಿಯಿರಿ. ಆಗ ಯಾರಾದರೂ ಮರೆತು ರೆಕಾರ್ಡ್ ಗುಂಡಿ ಒತ್ತಿದರೂ ಅಳಿಸುವುದಿಲ್ಲ. ವರ್ಷಗಟ್ಟಲೆ ಅಲುಗದ ಸುರುಳಿ ಬಿಗಿದುಕೊಂಡಿರುತ್ತದೆ. ಆಡಿಸುವ ಮೊದಲು ಒಮ್ಮೆ ಕೊನೆಯವರೆಗೆ ಸುತ್ತಿ, ಮತ್ತೆ ಮೊದಲಿಗೆ ತನ್ನಿ.

ಯಂತ್ರದ ಬಗ್ಗೆ ಇನ್ನೊಂದು ಮಾತು. ಜಪಾನಿನ ಕೊನೆಯ ವಿಸಿಆರ್ ಕಾರ್ಖಾನೆ 2016ರ ಜುಲೈನಲ್ಲಿ ತಯಾರಿಕೆ ನಿಲ್ಲಿಸಿತು. ಈಗ ಬೆಲ್ಟು, ರಬ್ಬರ್ ಗಾಲಿ, ಹೆಡ್ ಎಲ್ಲವನ್ನೂ ಸತ್ತ ಯಂತ್ರಗಳಿಂದ ಕಿತ್ತು ಹಾಕಬೇಕು. ಧ್ವನಿ ಮತ್ತು ದೃಶ್ಯ ಸಂಗ್ರಹಾಲಯಗಳ ಅಂತರರಾಷ್ಟ್ರೀಯ ಸಂಘವೂ ಯುನೆಸ್ಕೊವೂ ಸೇರಿ, ಕಾಂತೀಯ ಟೇಪುಗಳನ್ನು 2025ರ ಒಳಗೆ ಡಿಜಿಟಲ್ ಮಾಡಿಕೊಳ್ಳಿ ಎಂದು ಎಚ್ಚರಿಸಿದ್ದು ಟೇಪು ಮಾಯವಾಗುತ್ತದೆ ಎಂಬ ಕಾರಣಕ್ಕಷ್ಟೇ ಆಗಿರಲಿಲ್ಲ, ಅದನ್ನು ಓದುವ ಯಂತ್ರ ಮಾಯವಾಗುತ್ತಿದೆ ಎಂಬ ಕಾರಣಕ್ಕೂ ಆಗಿತ್ತು. ಸೋದರಮಾವನವರ ವಿಸಿಆರ್ ಅನ್ನು ನನಗೆ ತೋರಿಸದೆ ಮುಟ್ಟಬೇಡಿ.

ಕೋಲಾಟದ ಮನೆ:

‘ಸೋಬಾನೆ ಅಜ್ಜಿಯರು’ ಕ್ಯಾಸೆಟ್ ಕಟ್ಟಿನಕೆರೆ ಮಾರುಕಟ್ಟೆ ಹತ್ತಿರದ ಮದುವೆಯದ್ದಾಗಿದ್ದರೆ ಅದರಲ್ಲಿ ನಮ್ಮ ಅಜ್ಜಿ ಇರಬಹುದು! ಅವರ ಗುಂಪನ್ನು ಸುತ್ತಲಿನ ಮದುವೆಗಳಿಗೆಲ್ಲ ಕರೆಯುತ್ತಿದ್ದರು. ಅವರ ಒಂದು ಫೋಟೊ ಇದೆ, ದನಿ ಎಲ್ಲಿಯೂ ಇಲ್ಲ. ಯಾವಾಗ ನೋಡಬಹುದು ಹೇಳಿ.

ಹೇಮಾವತಿ ದಂಡೆ:

ಸಾಲಗಾಮೆಯವರೇ, ನಿಮ್ಮ ಉತ್ಸಾಹಕ್ಕೆ ನೀರು ಹಾಕುವ ಇಚ್ಛೆ ಇಲ್ಲ, ಆದರೆ ಸಾಕ್ಷ್ಯಚಿತ್ರದ ಮಾತನ್ನು ಒಂದು ವರ್ಷ ಪಕ್ಕಕ್ಕಿಡಿ.

ಕಾರಣ ಹೇಳುತ್ತೇನೆ. ಸಾಕ್ಷ್ಯಚಿತ್ರ ಎಂದರೆ ಆಯ್ಕೆ. ನೀವು ಸೋಮನ ಕುಣಿತದ ಅತ್ಯಂತ ಬಿರುಸಿನ ಎರಡು ನಿಮಿಷ ತೆಗೆದುಕೊಳ್ಳುತ್ತೀರಿ. ದೊಡ್ಡ ಮುಖವಾಡ ಹೊತ್ತ ಸೋಮ ಹೊರಡುವ ಮೊದಲು ಅರೆ ಎಂಬ ಚರ್ಮವಾದ್ಯ ಬಾರಿಸುವವನು ಕಾಲು ಗಂಟೆ ಏನು ಮಾಡುತ್ತಿದ್ದ, ಯಾವ ನಡೆಯಿಂದ ಯಾವ ನಡೆಗೆ ಹೋದ, ಊದುವ ವಾದ್ಯ ಮೌರಿ ಎಲ್ಲಿ ಸೇರಿತು ಎನ್ನುವುದೆಲ್ಲ ನಿಮ್ಮ ಚಿತ್ರಕ್ಕೆ ಬೇಡ. ನಾಳೆ ಕಲಿಯಬಯಸುವ ಹುಡುಗನಿಗೆ ಬೇಕಾದದ್ದು ಆ ಕಾಲು ಗಂಟೆಯೇ. ಚಿತ್ರ ಮುಗಿದ ಮೇಲೆ ಮೂಲ ಕ್ಯಾಸೆಟ್‌ಗಳಿಗೆ ಏನಾಗುತ್ತದೆ ಎಂಬುದೂ ಗೊತ್ತಿರುವುದೇ: ‘ಕೆಲಸ ಆಯಿತಲ್ಲ’ ಎಂದು ಮತ್ತೆ ಅಟ್ಟ ಸೇರುತ್ತವೆ.

ಇನ್ನು ಮದುವೆ ಕ್ಯಾಸೆಟ್‌ಗಳ ಕಥೆ. ನಾನೂ ಒಂದು ಕಾಲದಲ್ಲಿ ಸ್ಟುಡಿಯೊ ಒಂದರಲ್ಲಿ ಕೂತು ಮಿಕ್ಸಿಂಗ್ ಮಾಡಿದವನು. ಗಿರಾಕಿಗೆ ಕೊಡುವ ಕ್ಯಾಸೆಟ್ಟಿನಲ್ಲಿ ಮೂಲ ದನಿ ಇರುತ್ತಿರಲಿಲ್ಲ. ಧಾರೆಗೆ ಒಂದು ಸಿನಿಮಾ ಹಾಡು, ಊಟಕ್ಕೆ ಇನ್ನೊಂದು, ಹೆಣ್ಣು ಒಪ್ಪಿಸುವಾಗ ಕಡ್ಡಾಯವಾಗಿ ಒಂದು ಅಳುವ ಹಾಡು. ಪರದೆಯ ಮೇಲೆ ಅಜ್ಜಿಯರು ಬಾಯಿ ತೆರೆದು ಸೋಬಾನೆ ಹಾಡುತ್ತಿರುತ್ತಾರೆ, ಕೇಳುವುದು ಹಿನ್ನೆಲೆ ಗಾಯಕಿಯ ದನಿ. ಓಲಗದವರ ಕೆನ್ನೆ ಉಬ್ಬಿರುತ್ತದೆ, ಓಲಗವಿಲ್ಲ. ‘ಸದ್ದು ಜಾಸ್ತಿ, ತೆಗೆದುಬಿಡಿ’ ಎಂದು ಗಿರಾಕಿಗಳೇ ಹೇಳುತ್ತಿದ್ದರು. ಆದ್ದರಿಂದ ನೀವು ಹುಡುಕಬೇಕಾದದ್ದು ಚಿನ್ನದ ಅಕ್ಷರದ ಹೊದಿಕೆ ಹಾಕಿದ ಕ್ಯಾಸೆಟ್ಟನ್ನಲ್ಲ. ಪೆನ್ನಿನಲ್ಲಿ ಗೀಚಿದ ಚೀಟಿಯ ಕೊಳಕು ಕ್ಯಾಸೆಟ್ಟನ್ನು ಹುಡುಕಿ. ಕ್ಯಾಮೆರಾದಿಂದ ನೇರವಾಗಿ ಬಂದದ್ದು ಅದೇ. ನಿಮ್ಮ ಅದೃಷ್ಟ ಚೆನ್ನಾಗಿದ್ದರೆ ಆ ಮನುಷ್ಯ ಅವುಗಳ ಮೇಲೆಯೇ ಮತ್ತೊಂದು ಮದುವೆ ಚಿತ್ರೀಕರಿಸಿರುವುದಿಲ್ಲ. ಕ್ಯಾಸೆಟ್ ಉಳಿಸಲು ನಾವೆಲ್ಲ ಅದನ್ನೇ ಮಾಡುತ್ತಿದ್ದೆವು.

ಟೇಪು ರಿಪೇರಿ, ಚಿಕ್ಕಮಗಳೂರು:

ಮೇಲಿನವರು ಹೇಳಿದ್ದಕ್ಕೆ ಒಂದು ಸೇರಿಕೆ, ಸ್ವಲ್ಪ ಸಂತೋಷದ್ದು. ವಿಎಚ್‌ಎಸ್ ಟೇಪಿನಲ್ಲಿ ದನಿಗೆ ಎರಡು ಜಾಗಗಳಿವೆ. ಒಂದು ಅಂಚಿನಲ್ಲಿ ಉದ್ದಕ್ಕೆ ಹೋಗುವ ಮಾಮೂಲಿ ಟ್ರ್ಯಾಕ್. ಇನ್ನೊಂದು ಹೈಫೈ ಯಂತ್ರಗಳು ಮಾತ್ರ ಬರೆಯುವಂಥದ್ದು. ಅದು ಚಿತ್ರದ ಕೆಳಗಿನ ಪದರದಲ್ಲಿ ಹೂತಿರುತ್ತದೆ. ಚಿತ್ರವನ್ನು ಹಾಗೆಯೇ ಇಟ್ಟು ಹಾಡು ಮಾತ್ರ ಸೇರಿಸುವ ‘ಆಡಿಯೊ ಡಬ್’ ಗುಂಡಿ ಅಂಚಿನ ಟ್ರ್ಯಾಕನ್ನು ಅಳಿಸಬಲ್ಲದು, ಹೈಫೈ ಪದರವನ್ನು ಮುಟ್ಟಲಾರದು. ಅಂದರೆ ಹೈಫೈ ಇದ್ದ ಯಂತ್ರದಲ್ಲಿ ಮೂಲ ಚಿತ್ರೀಕರಣವಾಗಿ, ಅದೇ ಕ್ಯಾಸೆಟ್ಟಿನ ಮೇಲೆ ಹಾಡು ಡಬ್ ಆಗಿದ್ದರೆ, ಸಿನಿಮಾ ಹಾಡಿನ ಅಡಿಯಲ್ಲಿ ಅಜ್ಜಿಯರು ಇನ್ನೂ ಹಾಡುತ್ತಿರುತ್ತಾರೆ. ಹೈಫೈ ವಿಸಿಆರ್‌ನಲ್ಲಿ ದನಿಯ ಆಯ್ಕೆಯನ್ನು ಬದಲಿಸಿದರೆ ಸಾಕು, ಕೇಳುತ್ತದೆ. ಇನ್ನೊಂದು ಕ್ಯಾಸೆಟ್ಟಿಗೆ ನಕಲು ಮಾಡುತ್ತಾ ಹಾಡು ಸೇರಿಸಿದ್ದರೆ ಈ ದಾರಿ ಮುಚ್ಚಿದಂತೆ. ಆದ್ದರಿಂದ ಪ್ರತಿ ಕ್ಯಾಸೆಟ್ಟಿನ ಎರಡೂ ದನಿಗಳನ್ನು ಬೇರೆ ಬೇರೆಯಾಗಿ ಇಳಿಸಿಕೊಳ್ಳಬೇಕು. ಒಂದನ್ನು ಕೇಳಿ ‘ಇದರಲ್ಲಿ ಏನೂ ಇಲ್ಲ’ ಎಂದು ಎಸೆಯಬೇಡಿ.

ಕೋಲಾಟದ ಮನೆ:

ಇದನ್ನು ಓದಿ ನಮ್ಮ ಅಮ್ಮನ ಮದುವೆ ಕ್ಯಾಸೆಟ್ ಹುಡುಕಲು ಅಟ್ಟ ಹತ್ತಿದ್ದೇನೆ.

ತಮಟೆಯ ಮೊಮ್ಮಗ:

ಎಲ್ಲರ ಮಾತೂ ಚೆನ್ನಾಗಿದೆ. ಒಂದು ಸಂಗತಿಯನ್ನು ಯಾರೂ ಎತ್ತಲಿಲ್ಲ, ನಾನು ಎತ್ತುತ್ತೇನೆ.

ನಮ್ಮ ತಾತ, ತಾತನ ಅಣ್ಣ, ಅವರ ಮಕ್ಕಳು ಹಾಸನದ ಮೆರವಣಿಗೆಗಳಿಗೆ ತಮಟೆ ಬಾರಿಸಿದವರು. ಈ ಊರಿನ ಯಾವುದೇ ಹಳೆಯ ವಿಡಿಯೊ ತೆಗೆಯಿರಿ, ದನಿಯಲ್ಲಿ ಅವರು ಮೊದಲಿನಿಂದ ಕೊನೆಯವರೆಗೆ ಇರುತ್ತಾರೆ, ಚಿತ್ರದಲ್ಲಿ ಇರುವುದಿಲ್ಲ. ಕ್ಯಾಮೆರಾ ಪಲ್ಲಕ್ಕಿಯ ಮೇಲೆ, ಹಾರ ಹಾಕಿಸಿಕೊಂಡ ಮುಖಂಡರ ಮೇಲೆ, ವೇದಿಕೆಯ ಮೇಲೆ ಇರುತ್ತದೆ. ತಮಟೆಯವರು ಚೌಕಟ್ಟಿನ ಅಂಚಿನಲ್ಲಿ ಅರ್ಧ ಕೈಯಾಗಿ, ಒಂದು ಭುಜವಾಗಿ ಬಂದು ಹೋಗುತ್ತಾರೆ. ಇದು ಆಕಸ್ಮಿಕವಲ್ಲ ಎಂದು ಎಲ್ಲರಿಗೂ ಗೊತ್ತು. ದೇವಸ್ಥಾನದ ಒಳಗೆ ಯಾರು ಬಾರಿಸುತ್ತಾರೆ, ಹೊರಗೆ ಎಷ್ಟು ದೂರದಲ್ಲಿ ಯಾರು ನಿಲ್ಲುತ್ತಾರೆ ಎನ್ನುವ ಲೆಕ್ಕವೇ ಕ್ಯಾಮೆರಾದ ಲೆಕ್ಕವೂ ಆಗಿತ್ತು.

ಆದರೂ ಆ ದನಿ ಬೆಲೆ ಕಟ್ಟಲಾಗದ್ದು. ಯಾಕೆ ಹೇಳುತ್ತೇನೆ ಕೇಳಿ. ಈಗಿನ ತಮಟೆಗಳಿಗೆ ಬಹಳ ಮಟ್ಟಿಗೆ ಫೈಬರ್ ಹಾಳೆ ಬಂದಿದೆ. ಮಳೆ ಬರಲಿ, ಇಬ್ಬನಿ ಬೀಳಲಿ, ಅದರ ಶ್ರುತಿ ಕದಲುವುದಿಲ್ಲ. ಅನುಕೂಲ ನಿಜ. ನಮ್ಮ ತಾತನದು ಚರ್ಮದ ತಮಟೆ. ಹುಲ್ಲಿನ ಬೆಂಕಿಗೆ ಹಿಡಿದು ಕಾಯಿಸಿ, ಬೆರಳಿನಿಂದ ತಟ್ಟಿ ನೋಡಿ, ಮತ್ತೆ ಕಾಯಿಸಿ ಶ್ರುತಿಗೆ ತರುತ್ತಿದ್ದರು. ಮೆರವಣಿಗೆ ಸಾಗಿದಂತೆ ಚರ್ಮ ತಣ್ಣಗಾಗಿ ದನಿ ಇಳಿಯುತ್ತಿತ್ತು. ಆಗ ಹಿಂದೆ ಉಳಿದು, ದಾರಿಬದಿಯ ಕಾಗದ, ತರಗೆಲೆ ಒಟ್ಟುಮಾಡಿ ಕಾಯಿಸಿಕೊಂಡು, ಓಡಿಬಂದು ಸೇರುತ್ತಿದ್ದರು. ಪೂರ್ತಿ ಮೆರವಣಿಗೆಯ ಕತ್ತರಿಸದ ಕ್ಯಾಸೆಟ್ ಇದ್ದರೆ ಅದರಲ್ಲಿ ಈ ಇಳಿಯುವ, ಏರುವ ದನಿ ಇದ್ದೇ ಇರುತ್ತದೆ. ಫೈಬರ್ ಕಾಲದ ಹುಡುಗರು ಅದನ್ನು ಕೇಳಿಯೇ ಇಲ್ಲ. ನಿಮ್ಮ ಎರಡು ನಿಮಿಷದ ತುಣುಕಿನಲ್ಲಿ ಅದು ಸಿಗುವುದೂ ಇಲ್ಲ.

ನನ್ನ ಪ್ರಶ್ನೆ ನೇರವಾಗಿದೆ. ನಿಮ್ಮ ಪಟ್ಟಿಯಲ್ಲಿ ‘ತಮಟೆ ವಾದನ, ಹಾಸನ’ ಎಂದು ಬರೆದು ಮುಗಿಸುತ್ತೀರೋ, ಬಾರಿಸಿದವರ ಹೆಸರು ಬರೆಯುತ್ತೀರೋ? ಹೆಸರು ಬರೆಯುವುದಾದರೆ ಲ್ಯಾಪ್‌ಟಾಪ್ ಹೊತ್ತು ನಮ್ಮ ಕೇರಿಗೆ ಬನ್ನಿ. ಮುಖ ಕಾಣದಿದ್ದರೂ ಪೆಟ್ಟು ಕೇಳಿ ‘ಇದು ಇಂಥವನದು’ ಎನ್ನುವ ಹಿರಿಯರು ಇನ್ನೂ ಇದ್ದಾರೆ.

ಸಾಲಗಾಮೆ ರಸ್ತೆ:

ಖಂಡಿತ ಬರುತ್ತೇನೆ, ಅಣ್ಣ. ಪಟ್ಟಿಯಲ್ಲಿ ಈಗ ‘ಚೀಟಿಯಲ್ಲಿ ಇದ್ದದ್ದು’ ಎಂದು ಒಂದು ಅಂಕಣ, ‘ಗುರುತಿಸಿದವರು ಹೇಳಿದ್ದು’ ಎಂದು ಇನ್ನೊಂದು ಮಾಡಿದ್ದೇನೆ. ಯಾರು ಗುರುತಿಸಿದರು ಎಂಬುದಕ್ಕೂ ಜಾಗ ಇಟ್ಟಿದ್ದೇನೆ, ಯಾಕೆಂದರೆ ಇಬ್ಬರು ಎರಡು ಹೆಸರು ಹೇಳಿದರೆ ಎರಡೂ ಇರಲಿ.

ಆದರೆ ಹೇಮಾವತಿಯವರ ಮಾತಿಗೆ ಪೂರ್ತಿ ಒಪ್ಪಲಾರೆ. ಒಂದು ಹಾರ್ಡ್ ಡಿಸ್ಕಿನಲ್ಲಿ ನೂರು ಗಂಟೆಯ ಕತ್ತರಿಸದ ವಿಡಿಯೊ ಇದ್ದರೆ ನೋಡುವವರು ಯಾರು? ಚಿತ್ರ ಇದ್ದರೆ ಶಾಲೆಯಲ್ಲಿ ತೋರಿಸಬಹುದು, ಹಣ ಕೇಳಬಹುದು, ಪತ್ರಿಕೆಯಲ್ಲಿ ಬರೆಯುತ್ತಾರೆ. ಯಾರೂ ನೋಡದ ಸಂಗ್ರಹವೂ ಒಂದು ಅಟ್ಟವೇ ಅಲ್ಲವೇ?

ಪೇಟೆ ಬೀದಿ:

ಕ್ಷಮಿಸಿ, ಹಾಸನ ನಗರಕ್ಕೆ ಎಲ್ಲಿಯ ಜನಪದ ಸಂಗೀತ? ಚಿಟ್‌ಮೇಳ ಅರಸೀಕೆರೆ ಕಡೆಯದು, ಸುಗ್ಗಿ ಕುಣಿತ ಸಕಲೇಶಪುರ, ಮೂಡಿಗೆರೆ ಕಡೆಯದು, ವೀರಗಾಸೆ ಕಡೂರು, ಬೀರೂರಿನಿಂದ ಬರುತ್ತದೆ. ನಗರದಲ್ಲಿ ಇರುವುದು ಡಿಜೆ.

ಹೇಮಾವತಿ ದಂಡೆ:

ಪೇಟೆ ಬೀದಿಯವರೇ, ಬರುವುದೇ ನಗರದ ಕಥೆ. ಹಾಸನಾಂಬೆಯ ಬಾಗಿಲು ತೆರೆಯುವುದು ವರ್ಷಕ್ಕೊಮ್ಮೆ, ಆಶ್ವಯುಜ ಹುಣ್ಣಿಮೆಯ ನಂತರದ ಮೊದಲ ಗುರುವಾರ. ಬಲಿಪಾಡ್ಯಮಿಯ ಮರುದಿನ ಮತ್ತೆ ಮುಚ್ಚುತ್ತಾರೆ. ಆ ಕೆಲವೇ ದಿನಗಳಲ್ಲಿ ಜಿಲ್ಲೆಯ ಎಲ್ಲ ಮೂಲೆಗಳಿಂದ ಜನ ಬರುತ್ತಾರೆ. ಜನರ ಜೊತೆ ಅವರ ವಾದ್ಯಗಳೂ ಬರುತ್ತಿದ್ದವು. ಆರು ಹಳ್ಳಿಗಳ ತಂಡಗಳು ಒಂದೇ ಬೀದಿಯಲ್ಲಿ ಒಂದನ್ನೊಂದು ಕೇಳಿಸಿಕೊಳ್ಳುವ ಜಾಗ ಹಳ್ಳಿಯಲ್ಲಿ ಎಲ್ಲಿದೆ? ಜೊತೆಗೆ ವಲಸೆ. ಗೊರೂರಿನ ಅಣೆಕಟ್ಟು 1979ರಲ್ಲಿ ಮುಗಿಯಿತು. ನಮ್ಮದೂ ಮುಳುಗಿದ ಊರು. ಪರಿಹಾರದ ಜಮೀನಿಗೆ ಹೋದವರು ಹೋದರು, ಕೆಲವರು ಹಾಸನದಲ್ಲಿ ಕೂಲಿಗೆ ನಿಂತರು. ನಾಟಿ ಮಾಡುವ ಗದ್ದೆ ಇಲ್ಲದ ಮೇಲೂ ನಾಟಿ ಪದಗಳು ಉಳಿದದ್ದು ಆ ಹೆಂಗಸರು ಮದುವೆ ಮನೆಗಳಲ್ಲಿ ಪಾತ್ರೆ ತೊಳೆಯುತ್ತಾ ಹಾಡಿಕೊಂಡದ್ದರಿಂದ. ಗೊರೂರು ರಾಮಸ್ವಾಮಿ ಅಯ್ಯಂಗಾರರು ಜನಪದ ಗೀತೆಗಳನ್ನು ಬರೆದುಕೊಂಡರು, ಸಕಲೇಶಪುರದ ಎಸ್.ಕೆ. ಕರೀಂಖಾನರು ಸಂಗ್ರಹಿಸಿದರು, ದೊಡ್ಡ ಕೆಲಸ. ಆದರೆ ಪುಸ್ತಕದಲ್ಲಿ ಸಾಲು ಉಳಿಯುತ್ತದೆ, ಮಟ್ಟು ಉಳಿಯುವುದಿಲ್ಲ.

ಸಾಲಗಾಮೆಯವರೇ, ಚಿತ್ರ ಬೇಡ ಎಂದು ನಾನು ಹೇಳಲಿಲ್ಲ. ಮೊದಲು ಪೂರ್ತಿ ಇಳಿಸಿ, ಹೆಸರು ಹಾಕಿ, ಮೂರು ಕಡೆ ನಕಲು ಇಡಿ. ಆಮೇಲೆ ಒಂದಲ್ಲ ಹತ್ತು ಚಿತ್ರ ಮಾಡಿ.

ಕೊಪ್ಪದ ಕಾಡು:

ಚಿಕ್ಕಮಗಳೂರು ಜಿಲ್ಲೆಯವನು ನಾನು, ಹಾಸನದ ವಿಷಯಕ್ಕೆ ತಲೆ ಹಾಕಬಹುದೇ?

ನಮ್ಮ ಕಡೆ ದೀಪಾವಳಿಗೆ ಅಂಟಿಗೆ-ಪಂಟಿಗೆ. ಕೊಪ್ಪ, ಶೃಂಗೇರಿ, ಆಚೆ ತೀರ್ಥಹಳ್ಳಿಯವರಿಗೆ ಹೊಸದಾಗಿ ಹೇಳಬೇಕಿಲ್ಲ. ದೇವರ ಮುಂದೆ ಹಚ್ಚಿದ ದೀಪ ಹಿಡಿದು ಮನೆಮನೆಗೆ ಹೋಗಿ, ಮುಚ್ಚಿದ ಬಾಗಿಲ ಮುಂದೆ ಹಾಡಿ ಬಾಗಿಲು ತೆಗೆಸುವುದು. ಹಾಡುವವರು ಒಂದು ಸಾಲು ಎತ್ತಿದರೆ ಉಳಿದವರು ಹಿಂದೆ ಹೇಳುತ್ತಾರೆ. ರಾತ್ರಿ ಪೂರ್ತಿ ನಡೆಯುತ್ತದೆ. ನಮ್ಮ ಚಿಕ್ಕಪ್ಪನ ಬಳಿ ಅದರ ಒಂದು ಹಳೆಯ ಕ್ಯಾಸೆಟ್ ಇದೆ. ಚಿತ್ರ ಎಂದರೆ ಬರೀ ಕತ್ತಲು, ನಡುವೆ ಅಲುಗುವ ಒಂದು ಹಳದಿ ಚುಕ್ಕೆ. ಮನೆಯವರೆಲ್ಲ ‘ಹಾಳಾದ ಕ್ಯಾಸೆಟ್’ ಎಂದು ಬಿಟ್ಟಿದ್ದರು. ಕಣ್ಣು ಮುಚ್ಚಿ ಕೇಳಿದರೆ ಪೂರ್ತಿ ಪದ ಇದೆ. ಗದ್ದೆಯ ಬದುವಿನಲ್ಲಿ ನಡೆಯುವಾಗ ದನಿ ಚದುರುವುದು, ಅಂಗಳಕ್ಕೆ ಬಂದ ಕೂಡಲೇ ಗೋಡೆಗೆ ತಾಗಿ ಒಂದಾಗುವುದು, ಒಳಗಿನಿಂದ ಅಗುಳಿ ಸರಿಯುವುದು, ಎಲ್ಲವೂ.

ಈಗ ಇದೇ ಕಲೆಯನ್ನು ವೇದಿಕೆಯಲ್ಲಿ ನೋಡುತ್ತೇವೆ. ಸ್ಪರ್ಧೆಯ ಕೆಲವೇ ನಿಮಿಷ, ಒಂದೇ ಬಣ್ಣದ ಅಂಗಿ, ಮೈಕಿನ ಮುಂದೆ ಸಾಲು. ಬಾಗಿಲೇ ಇಲ್ಲ, ತೆರೆಯುವುದು ಏನನ್ನು? ಸಾಕ್ಷ್ಯಚಿತ್ರ ಮಾಡುವವರು ಬೆಳಕು ಚೆನ್ನಾಗಿದೆ ಎಂದು ಈ ವೇದಿಕೆಯ ದೃಶ್ಯವನ್ನೇ ಆರಿಸುತ್ತಾರೆ, ಚಿಕ್ಕಪ್ಪನ ಕತ್ತಲ ಕ್ಯಾಸೆಟ್ಟನ್ನು ಬಿಡುತ್ತಾರೆ. ಚಿತ್ರ ಕೆಟ್ಟದ್ದು ಎಂಬ ಕಾರಣಕ್ಕೆ ಯಾವುದನ್ನೂ ಎಸೆಯಬೇಡಿ ಎನ್ನಲು ಇಷ್ಟು ಬರೆದೆ.

ಕಾನೂನು ಓದಿದವಳು:

ಅಂತರ್ಜಾಲಕ್ಕೆ ಹಾಕುವ ಮೊದಲು ಓದಿ.

ಕ್ಯಾಸೆಟ್ ನಿಮ್ಮ ಕೈಗೆ ಬಂದಿದೆ ಎಂದರೆ ಅದರೊಳಗಿನ ಹಕ್ಕು ಬಂದಂತಲ್ಲ. ಚಿತ್ರೀಕರಣದ ಹಕ್ಕು ಬೇರೆ, ಹಾಡಿದವರ ಹಕ್ಕು ಬೇರೆ. 1957ರ ಕೃತಿಸ್ವಾಮ್ಯ ಕಾಯ್ದೆಗೆ 1994ರಲ್ಲಿ ತಿದ್ದುಪಡಿಯಾದಾಗ ಪ್ರದರ್ಶಕರ ಹಕ್ಕು ಎಂಬುದು 38ನೇ ಕಲಮಿನಲ್ಲಿ ಬಂತು. ಈಗ ಅದರ ಅವಧಿ 50 ವರ್ಷ. ಹಾಡುವವರು, ಬಾರಿಸುವವರು, ಕುಣಿಯುವವರು ಎಲ್ಲರೂ ಅದರ ವ್ಯಾಖ್ಯೆಯಲ್ಲಿ ಇದ್ದಾರೆ. ಹಾವಾಡಿಗರನ್ನೂ ದೊಂಬರಾಟದವರನ್ನೂ ಸಹ ಕಾಯ್ದೆ ಬಿಟ್ಟಿಲ್ಲ. 2012ರ ತಿದ್ದುಪಡಿಯ ನಂತರ, ಪ್ರದರ್ಶನದ ಜೊತೆ ತನ್ನ ಹೆಸರು ಇರಬೇಕೆಂದು ಕೇಳುವ ಹಕ್ಕೂ ಪ್ರದರ್ಶಕರಿಗಿದೆ. ಮೇಲೆ ತಮಟೆಯ ಮೊಮ್ಮಗ ಅವರು ಕೇಳಿದ್ದು ಬರೀ ಮರ್ಯಾದೆಯ ಪ್ರಶ್ನೆಯಲ್ಲ ಎಂದು ತಿಳಿಯಲಿ.

ಇನ್ನು ಮದುವೆಗಳು. ಅವು ಯಾರದೋ ಮನೆಯ ಖಾಸಗಿ ದಿನ. ಅದರಲ್ಲಿ ಈಗ ಇಲ್ಲದವರು ಇರುತ್ತಾರೆ, ಮುರಿದ ಸಂಬಂಧಗಳು ಇರುತ್ತವೆ, ಆಗ ಹದಿನಾರು ತುಂಬದ ವಧುಗಳೂ ಇರಬಹುದು. ಹಾಡಿದ ಹೆಂಗಸರಲ್ಲಿ ಕೆಲವರಿಗೆ ‘ನಮ್ಮ ಪದ ಎಲ್ಲರೂ ಕೇಳಲಿ, ಮುಖ ಬೇಡ’ ಎನಿಸಬಹುದು. ಅಂಥ ಕಡೆ ದನಿ ಮಾತ್ರ ಕೊಡಿ. ಎಲ್ಲವನ್ನೂ ಎಲ್ಲರಿಗೂ ತೋರಿಸಲೇಬೇಕು ಎಂಬ ಹಟ ಸಂಗ್ರಹದ ಲಕ್ಷಣವಲ್ಲ. ಒಪ್ಪಿಗೆಯನ್ನು ಬರಹದಲ್ಲಿ ಪಡೆಯಿರಿ. ಓದಲು ಬಾರದವರಾದರೆ ಅವರ ಮಾತಿನಲ್ಲಿಯೇ ವಿಡಿಯೊ ಮಾಡಿಕೊಳ್ಳಿ: ಯಾವುದಕ್ಕೆ ಒಪ್ಪಿಗೆ, ಯಾವುದಕ್ಕೆ ಇಲ್ಲ.

ಒಂದು ಅನುಭವ. ನಮ್ಮ ದೊಡ್ಡಮ್ಮ ಹಾಡಿದ ರಾಗಿ ಬೀಸುವ ಪದವನ್ನು ನಾನು ಹಾಕಿದ್ದೆ. ಕೆಲವೇ ದಿನಗಳಲ್ಲಿ ಒಂದು ಸಂಗೀತ ಕಂಪನಿಯಿಂದ ಸ್ವಯಂಚಾಲಿತ ದೂರು ಬಂತು, ಈ ಹಾಡು ತಮ್ಮದು ಎಂದು. ದೊಡ್ಡಮ್ಮ ಅದನ್ನು ತನ್ನ ಅತ್ತೆಯಿಂದ ಕಲಿತವಳು. ಕಂಪನಿ ತನ್ನ ಕ್ಯಾಸೆಟ್ಟಿನ ಹಕ್ಕನ್ನು ಕೇಳಬಹುದು, ಪದದ ಹಕ್ಕನ್ನು ಕೇಳಲು ಬರುವುದಿಲ್ಲ. ಆಕ್ಷೇಪಣೆ ಹಾಕಿ ಗೆದ್ದೆ, ಆದರೆ ಅಷ್ಟು ಬರೆಯಲು ಎಷ್ಟು ಕಲಾವಿದರಿಗೆ ಸಾಧ್ಯ?

ನಿವೃತ್ತ ಮೇಷ್ಟ್ರು, ಬೇಲೂರು:

ತಡವಾಗಿ ಬಂದೆ. ಎಲ್ಲವನ್ನೂ ಓದಿದೆ, ಒಳ್ಳೆಯ ಚರ್ಚೆ.

‘ನೋಡುವವರು ಯಾರು’ ಎಂದು ಸಾಲಗಾಮೆ ರಸ್ತೆಯ ಹುಡುಗ ಕೇಳಿದ್ದಾನೆ. ಅದಕ್ಕೆ ಒಂದು ಹಳೆಯ ಉದಾಹರಣೆ ಇದೆ. ಡಚ್ ವಿದ್ವಾಂಸ ಆರ್ನಾಲ್ಡ್ ಬಾಕೆ 1938ರಲ್ಲಿ ದಕ್ಷಿಣ ಭಾರತದಲ್ಲಿ ತಿರುಗಿ ಜನಪದ ಸಂಗೀತ, ಕುಣಿತಗಳನ್ನು ಚಿತ್ರೀಕರಿಸಿದರು. ಚಿತ್ರಕ್ಕೆ ದನಿ ಇರಲಿಲ್ಲ. ದನಿಯನ್ನು ಬೇರೆ ಯಂತ್ರದಲ್ಲಿ ಹಿಡಿಯುತ್ತಿದ್ದರು. 1984ರಲ್ಲಿ ನಜೀರ್ ಜೈರಜ್‌ಭಾಯ್ ಮತ್ತು ಏಮಿ ಕ್ಯಾಟ್ಲಿನ್ ಆ ದಾಖಲೆಗಳ ನಕಲು ಹಿಡಿದುಕೊಂಡು ತಮಿಳುನಾಡು, ಕೇರಳ, ಕರ್ನಾಟಕದ ಅದೇ ಜಾಗಗಳಿಗೆ ಹೋದರು. ಹಾಡಿದವರ ಊರಿನವರಿಗೇ ಅದನ್ನು ತೋರಿಸಿ, ಕೇಳಿಸಿ, ಏನು ಉಳಿದಿದೆ, ಏನು ಬದಲಾಗಿದೆ ಎಂದು ಮತ್ತೆ ದಾಖಲಿಸಿದರು. ನೋಡುವ ಮೊದಲ ಹಕ್ಕು ಯಾರದು ಎನ್ನುವುದಕ್ಕೆ ಇದಕ್ಕಿಂತ ಬೇರೆ ಉತ್ತರ ನನಗೆ ತೋಚುವುದಿಲ್ಲ. ತಮಟೆಯ ಮೊಮ್ಮಗ ‘ಕೇರಿಗೆ ಬನ್ನಿ’ ಎಂದದ್ದೂ ಇದನ್ನೇ.

ಕರಾವಳಿಯಲ್ಲಿಯೂ ಮಾದರಿ ಇದೆ. ಫಿನ್ಲೆಂಡಿನ ಲೌರಿ ಹೊಂಕೊ ಅವರು ಇಲ್ಲಿನ ವಿದ್ವಾಂಸರೊಡನೆ ಗೋಪಾಲ ನಾಯ್ಕರ ತುಳು ಸಿರಿ ಕಾವ್ಯವನ್ನು 1990ರಲ್ಲಿ ದಿನಗಟ್ಟಲೆ ಕೂತು ಪೂರ್ತಿಯಾಗಿ ದಾಖಲಿಸಿದರು. ಅಚ್ಚಾದಾಗ 15,683 ಸಾಲು. ಹಾಡುವವರು ನಿಲ್ಲಿಸುವವರೆಗೂ ಯಂತ್ರ ನಿಲ್ಲಲಿಲ್ಲ. ಹಾಗೆ ಮಾಡಿದ್ದರಿಂದ ಅದು ಕಾವ್ಯವೆಂದು ತಿಳಿಯಿತು. ತುಣುಕು ಹಿಡಿದಿದ್ದರೆ ಪಾಡ್ದನ ಎಂಬ ತುಳು ಹಾಡುಗಥೆಯ ಒಂದು ಮಾದರಿ ಎಂದು ಮುಗಿಯುತ್ತಿತ್ತು.

ಇಳಿಸಿದ್ದನ್ನು ಎಲ್ಲಿ ಇಡುವುದು ಎಂಬ ಪ್ರಶ್ನೆ ಬಂದೇ ಬರುತ್ತದೆ. ಎಚ್.ಎಲ್. ನಾಗೇಗೌಡರು 1979ರಲ್ಲಿ ಕಟ್ಟಿದ ಜಾನಪದ ಪರಿಷತ್ತಿನ ಜಾನಪದ ಲೋಕ ರಾಮನಗರದಲ್ಲಿದೆ. ಶಿಗ್ಗಾವಿಯ ಹತ್ತಿರ ಗೊಟಗೋಡಿಯಲ್ಲಿ ಜಾನಪದ ವಿಶ್ವವಿದ್ಯಾಲಯವಿದೆ. ಸಂಗೀತದ ದಾಖಲೆಗಳಿಗೆಂದೇ 1982ರಲ್ಲಿ ಶುರುವಾದ ಒಂದು ಸಂಗ್ರಹಾಲಯ ಈಗ ದೂರದ ಗುರುಗ್ರಾಮದಲ್ಲಿದೆ. ಯಾರು ಕೇಳಬಹುದು, ನಕಲು ಕೊಡಬಹುದೇ ಎಂಬ ಷರತ್ತನ್ನು ಕೊಟ್ಟವರೇ ಹಾಕುವ ಪದ್ಧತಿ ಅಲ್ಲಿದೆ. ಒಂದು ನಕಲು ದೊಡ್ಡ ಸಂಸ್ಥೆಗೆ ಹೋಗಲಿ. ಆದರೆ ಹಾಸನದಲ್ಲಿಯೂ ಒಂದು ಇರಲೇಬೇಕು. ಅಜ್ಜಿಯ ದನಿ ಕೇಳಲು ಮೊಮ್ಮಗಳು ಅರ್ಜಿ ಬರೆದು ರೈಲು ಹತ್ತುವಂತಾಗಬಾರದು.

ಪೇಟೆ ಬೀದಿ:

ಮೇಷ್ಟ್ರೇ, ಒಪ್ಪಿದೆ. ಡಿಜೆ ಮಾತು ವಾಪಸ್. ಒಂದು ಉಪಯೋಗದ ಮಾತು ಹೇಳುತ್ತೇನೆ. ಕ್ಯಾಮೆರಾದ ಮೂಲೆಯಲ್ಲಿ ಕಾಣುವ ತಾರೀಖನ್ನು ನಂಬಬೇಡಿ. ಬ್ಯಾಟರಿ ಸತ್ತ ಮೇಲೆ ಅದು ಜನವರಿ ಒಂದಕ್ಕೆ ಹಿಂದಿರುಗುತ್ತದೆ. ಗೋಡೆಯ ಸಿನಿಮಾ ಪೋಸ್ಟರ್, ಅಂಗಡಿ ಫಲಕ, ಚುನಾವಣೆಯ ಬರಹ ನೋಡಿ. ವಾಹನದ ಮೇಲೆ ಕೆಎ-13 ಕಂಡರೆ 1990ರ ಆಸುಪಾಸು ಅಥವಾ ನಂತರದ್ದು. ಸಂತೇಪೇಟೆಯ ಅಂಗಡಿಗಳು ಯಾವ ವರ್ಷ ಯಾರ ಕೈಯಲ್ಲಿದ್ದವು ಎಂದು ನಮ್ಮ ತಂದೆ ನೋಡಿದ ಕೂಡಲೇ ಹೇಳುತ್ತಾರೆ. ಅವರನ್ನು ಕರೆತರುತ್ತೇನೆ, ಚಹಾ ಕೊಟ್ಟರೆ ಸಾಕು.

ಹೇಮಾವತಿ ದಂಡೆ:

ಎಲ್ಲಕ್ಕಿಂತ ಮೊದಲು ಆ ಛಾಯಾಗ್ರಾಹಕರನ್ನೇ ಕೂರಿಸಿ ಮಾತನಾಡಿಸಿ. ಚೀಟಿಯಲ್ಲಿ ಬರೆಯದ್ದೆಲ್ಲ ಅವರ ತಲೆಯಲ್ಲಿದೆ. ಊರು ಬಿಟ್ಟರೆ ಅದೂ ಹೋಯಿತು.

ಸಾಲಗಾಮೆ ರಸ್ತೆ:

ಕೇಳಿದೆ. ‘ನನ್ನನ್ನು ಯಾಕಪ್ಪ ಚಿತ್ರೀಕರಿಸುತ್ತೀಯಾ, ಜೀವನ ಪೂರ್ತಿ ಕ್ಯಾಮೆರಾದ ಹಿಂದೆ ಇದ್ದವನು’ ಎಂದರು. ಕ್ಯಾಸೆಟ್ ಹಾಕಿ ತೋರಿಸಿದರೆ ಮಾತ್ರ ಮಾತನಾಡುತ್ತಾರಂತೆ, ಸುಮ್ಮನೆ ಪ್ರಶ್ನೆ ಕೇಳಿದರೆ ಇಲ್ಲ. ಹೋಗುವುದು ತಿಂಗಳ ಕೊನೆಗೆ. ಬೂಷ್ಟು ಹಿಡಿಯದ ವಿಎಚ್‌ಎಸ್‌ಗಳನ್ನು ಬೇರೆ ಮಾಡಿ, ಹಲ್ಲು ಮುರಿದು ಇಟ್ಟಿದ್ದೇನೆ. ಸಾಕ್ಷ್ಯಚಿತ್ರದ ಕಡತವನ್ನು ಅಳಿಸಿಲ್ಲ, ಮುಚ್ಚಿಟ್ಟಿದ್ದೇನೆ. ಯಂತ್ರ?

ಟೇಪು ರಿಪೇರಿ, ಚಿಕ್ಕಮಗಳೂರು:

ನನ್ನ ಹೈಫೈ ವಿಸಿಆರ್ ತರುತ್ತೇನೆ, ಅದಕ್ಕೆ ಈಚೆಗೆ ಬೆಲ್ಟು ಹಾಕಿದ್ದೇನೆ. ಭಾನುವಾರ ಬೆಳಿಗ್ಗೆ ಬೇಲೂರು ಮಾರ್ಗವಾಗಿ ಬರುತ್ತೇನೆ, ಮೇಷ್ಟ್ರು ಬರುವುದಾದರೆ ದಾರಿಯಲ್ಲಿ ಹತ್ತಿಸಿಕೊಳ್ಳುತ್ತೇನೆ. ಮಿನಿ ಡಿವಿ ಬೇರೆ ಕೆಲಸ: ಅದಕ್ಕೆ ಫೈರ್‌ವೈರ್ ಕಿಂಡಿ ಇರುವ ಹಳೆಯ ಕಂಪ್ಯೂಟರ್ ಬೇಕು, ಗಂಟೆಗೆ ಸುಮಾರು 13 ಜಿಬಿ ಜಾಗ ಹಿಡಿಯುತ್ತದೆ. ವಿಎಚ್‌ಎಸ್ಸನ್ನು ನಷ್ಟವಿಲ್ಲದ ರೂಪದಲ್ಲಿ ಇಳಿಸಿದರೆ ಅದಕ್ಕಿಂತ ಹೆಚ್ಚು. ಡಿವಿಡಿಗೆ ಇಳಿಸಿ ಮುಗಿಸೋಣ ಎಂದು ಯಾರೂ ಹೇಳಬೇಡಿ. ಅದು ಚಿತ್ರವನ್ನು ಹಿಂಡಿ ಕೂರಿಸುತ್ತದೆ, ಮತ್ತೆ ಬಿಡಿಸಲಾಗದು. ದೊಡ್ಡ ಹಾರ್ಡ್ ಡಿಸ್ಕ್ ಎರಡು ಬೇಕು, ಬೇರೆ ಬೇರೆ ಕಂಪನಿಯದ್ದಾದರೆ ಉತ್ತಮ. ಮೂರನೆಯ ನಕಲು ಯಾರ ಮನೆಯಲ್ಲಿ ಎಂದು ಅಲ್ಲಿ ತೀರ್ಮಾನಿಸೋಣ. ನಿಮ್ಮ ಬಡಾವಣೆಯಲ್ಲಿ ಕರೆಂಟು ಹೋಗುತ್ತದೆಯೇ? ಟೇಪು ಓಡುವಾಗ ಹೋದರೆ ಸುರುಳಿ ಒಳಗೇ ಸಿಕ್ಕಿಕೊಳ್ಳುತ್ತದೆ, ಯುಪಿಎಸ್ ಬೇಕೇ ಬೇಕು.

ತಮಟೆಯ ಮೊಮ್ಮಗ:

ಯುಪಿಎಸ್ ನಮ್ಮ ಜೆರಾಕ್ಸ್ ಅಂಗಡಿಯದು ಇದೆ, ಭಾನುವಾರ ಅಂಗಡಿಗೆ ರಜೆ. ತರುತ್ತೇನೆ. ನಮ್ಮ ದೊಡ್ಡಪ್ಪನೂ ಬರುತ್ತಾರೆ, ಅವರಿಗೆ ಕಿವಿ ಸ್ವಲ್ಪ ಮಂದ. ಒಳ್ಳೆಯ ಸ್ಪೀಕರ್ ಇಡಿ.